‘ಅಪ್ಪ’ ಹೋಗಿ ‘ಅಣ್ಣ’ ಬಂದರೆ ಹೊಲ ಯಾರದು?



ಅಂಗಡಿಯ ಬೋರ್ಡಿನಲ್ಲಿ ಕನ್ನಡ ಅಕ್ಷರ ಮೂಲೆಗೆ ಬಿದ್ದರೆ ನಿಮಗೆ ಸಿಟ್ಟು ಬರುತ್ತದೆ. ಬರಲೇಬೇಕು. ಬ್ಯಾಂಕಿನ ಚಲನ್‌ನಲ್ಲಿ ಕನ್ನಡ ಇಲ್ಲದಿದ್ದರೆ ಮ್ಯಾನೇಜರನ ಮೇಜಿನ ಎದುರು ನಿಂತು ಕೇಳುತ್ತೀರಿ. ಕೇಳಲೇಬೇಕು. ಈಗ ನಾನು ನಿಮ್ಮನ್ನು ಒಂದು ಮಾತು ಕೇಳುತ್ತೇನೆ, ಬೇಸರಪಡಬೇಡಿ. ಊರಲ್ಲಿರುವ ನಿಮ್ಮ ಅಪ್ಪನ ಹೊಲದ ಪಹಣಿಯನ್ನು ಯಾವತ್ತಾದರೂ ಕೈಯಲ್ಲಿ ಹಿಡಿದು ಓದಿದ್ದೀರಾ? 9ನೇ ಕಾಲಮ್ಮಿನಲ್ಲಿ ಯಾರ ಹೆಸರಿದೆ? 11ನೇ ಕಾಲಮ್ಮಿನಲ್ಲಿ ಯಾವ ಬ್ಯಾಂಕಿನ ಸಾಲ ಕೂತಿದೆ? ಗೊತ್ತಿಲ್ಲವೇ? ನನಗೂ ಗೊತ್ತಿರಲಿಲ್ಲ. ಗೊತ್ತಾಗುವ ಹೊತ್ತಿಗೆ ನಮ್ಮ ಆರೂವರೆ ಎಕರೆ ಹೊಲ ಕಾಗದದ ಮೇಲೆ ಬೇರೆಯವರದಾಗಿತ್ತು.

ನಾನು ಅತನೂರಿನವನು. ಕಲಬುರಗಿ ಜಿಲ್ಲೆ, ಅಫಜಲಪುರ ತಾಲ್ಲೂಕು. ಓದಿದ್ದು ಪಿಯುಸಿ. ಮುಂದೆ ಓದಿಸಲು ಅಪ್ಪನಿಗೆ ಆಗಲಿಲ್ಲ. 1998ರಲ್ಲಿ ಕಲಬುರಗಿಯ ಒಂದು ಪ್ರೆಸ್ಸಿನಲ್ಲಿ ಕೆಲಸಕ್ಕೆ ಸೇರಿದೆ. ಆಗ ಟ್ರೆಡಲ್ ಮಷಿನ್ನು, ಸೀಸದ ಮೊಳೆ. ಮೊಳೆ ಜೋಡಿಸುವುದನ್ನು ಕಲಿತೆ, ಪ್ರೂಫ್ ತಿದ್ದುವುದನ್ನು ಕಲಿತೆ. ಈಗ ನನ್ನದೇ ಒಂದು ಸಣ್ಣ ಪ್ರೆಸ್ಸಿದೆ. ಲಗ್ನಪತ್ರಿಕೆ, ಜಾತ್ರೆಯ ಹ್ಯಾಂಡ್‌ಬಿಲ್, ರಸೀದಿ ಬುಕ್ಕು, ಚುನಾವಣೆ ಬಂದರೆ ಪಾಂಪ್ಲೆಟ್ಟು. ಲಗ್ನಪತ್ರಿಕೆಯಲ್ಲಿ ಮದುಮಗನ ಹೆಸರಿನ ಒಂದು ಒತ್ತಕ್ಷರ ತಪ್ಪಿದರೂ ಬೀಗರು ಅಂಗಡಿಗೆ ಬಂದು ನಿಲ್ಲುತ್ತಾರೆ. ನನ್ನ ಖರ್ಚಿನಲ್ಲೇ ಐನೂರು ಪ್ರತಿ ಮತ್ತೆ ಹಾಕಿಕೊಡಬೇಕು. ತಪ್ಪು ನನ್ನದು, ನಷ್ಟವೂ ನನ್ನದು. ಇದು ನಮ್ಮ ಕಸುಬಿನ ನ್ಯಾಯ.

ಸರ್ಕಾರದ ಕಸುಬಿಗೆ ಈ ನ್ಯಾಯ ಇಲ್ಲ. ಅದು ಹೆಸರು ತಪ್ಪಾಗಿ ಬರೆದರೆ ನಷ್ಟ ನಿಮ್ಮದು. ತಿದ್ದಿಸುವ ಖರ್ಚೂ ನಿಮ್ಮದು. ವಕೀಲರ ಫೀಜೂ ನಿಮ್ಮದು!

ಬಾಲ ಬದಲಾದ ಹೆಸರು

2012ರಲ್ಲಿ ಅಪ್ಪ ತೀರಿಕೊಂಡರು. ದಿನಕರ್ಮ ಮುಗಿಸಿ, ವಾರ್ಸಾ ಮಾಡಿಸೋಣವೆಂದು ತಾಲ್ಲೂಕು ಕಚೇರಿಗೆ ಹೋದೆ. ಹೊಲ ಇನ್ನೂ ನಮ್ಮ ಮುತ್ಯಾನ ಹೆಸರಿನಲ್ಲೇ ಇತ್ತು. ಅಪ್ಪ ಜೀವಮಾನವಿಡೀ ಅದರಲ್ಲಿ ಜೋಳ, ತೊಗರಿ ಬೆಳೆದರು, ಕಂದಾಯ ಕಟ್ಟಿದರು, ಆದರೆ ಹೆಸರು ಬದಲಾಯಿಸಿಕೊಂಡಿರಲಿಲ್ಲ. ನಮ್ಮ ಕಡೆ ಅರ್ಧಕ್ಕರ್ಧ ಮನೆಗಳ ಕಥೆ ಇದೇ. ಸತ್ತವರ ಹೆಸರಿನಲ್ಲಿ ಹೊಲ, ಬದುಕಿದ್ದವರ ಕೈಯಲ್ಲಿ ನೇಗಿಲು.

ಕಿಟಕಿಯಲ್ಲಿ ದುಡ್ಡು ಕೊಟ್ಟು ಪಹಣಿ ತೆಗೆಸಿದೆ. 9ನೇ ಕಾಲಮ್ಮು ನೋಡಿದರೆ ಮುತ್ಯಾನ ಹೆಸರೇ ಇಲ್ಲ. ದಾಯಾದಿ ಮನೆಯ ಒಬ್ಬನ ಹೆಸರಿದೆ. ವರಸೆಯಲ್ಲಿ ನನಗೆ ತಮ್ಮ. 11ನೇ ಕಾಲಮ್ಮಿನಲ್ಲಿ ಅವನು ಹೊಲದ ಮೇಲೆ ಎತ್ತಿದ ಬೆಳೆಸಾಲವೂ ಇದೆ!

ಹೇಗಾಯಿತು ಇದು? ಹಿಂದಿನ ವರ್ಷಗಳ ಪಹಣಿ ತೆಗೆಸಿ ನೋಡಿದಾಗ ತಿಳಿಯಿತು. ನಮ್ಮ ಮುತ್ಯಾನ ಹೆಸರು ‘ಅಪ್ಪ’ ಎಂದು ಮುಗಿಯುತ್ತದೆ. ಪಹಣಿಯಲ್ಲಿ ಅದು ‘ಅಣ್ಣ’ ಎಂದು ಮುಗಿದಿತ್ತು. ಬಸಪ್ಪ ಎಂದಿರಬೇಕಾದದ್ದು ಬಸಣ್ಣ ಎಂದಾದ ಹಾಗೆ. ಅಡ್ಡಹೆಸರು ಒಂದೇ. ಅಪ್ಪನ ಹೆಸರು ಬರೆಯುವ ಜಾಗ ಖಾಲಿ. ನಮ್ಮ ಭಾವಕಿಯಲ್ಲಿ ಆ ‘ಅಣ್ಣ’ ಎಂಬ ಹೆಸರಿನ ಹಿರಿಯನೊಬ್ಬ ನಿಜವಾಗಿಯೂ ಇದ್ದ. ಅವನ ಮೊಮ್ಮಗ ತನ್ನ ಮುತ್ಯಾನ ಹೆಸರು ಕಂಡು ವಾರ್ಸಾ ಅರ್ಜಿ ಹಾಕಿದ. ನೋಟಿಸು ಎಲ್ಲಿ ಅಂಟಿಸಿದರೋ, ಯಾರು ಓದಿದರೋ. ನಾನು ಕಲಬುರಗಿಯಲ್ಲಿ ಪ್ರೂಫ್ ನೋಡುತ್ತಿದ್ದೆ, ಅಪ್ಪ ಹೊಲದಲ್ಲಿ ಎಡೆ ಹೊಡೆಯುತ್ತಿದ್ದರು. ಅವಧಿ ಮುಗಿಯಿತು. ತಕರಾರು ಇಲ್ಲವೆಂದು ಬರೆದು ಹಕ್ಕು ಬದಲಾವಣೆ ಮಂಜೂರು.

ಆ ತಮ್ಮನನ್ನು ಕೇಳಿದೆ. ಅವನು ಅಂದ: “ಯಣ್ಣಾ, ಕಾಗದದಾಗ ನಮ್ಮ ಮುತ್ಯಾನ ಹೆಸರೇ ಅದ. ಸರ್ಕಾರ ಸುಳ್ಳ ಬರೀತದೇನು?”

ಗೆಳೆಯರೇ, ಅವನು ಕಳ್ಳನಲ್ಲ. ನಾನು ನಾಲ್ಕು ವರ್ಷ ಅವನ ವಿರುದ್ಧ ಕೋರ್ಟಿನಲ್ಲಿ ನಿಂತವನು, ಆದರೂ ಹೇಳುತ್ತೇನೆ. ಹಳೆಯ ವಾಟ್ನಿಯಲ್ಲಿ ತಮಗೆ ಬರಬೇಕಾದದ್ದು ನಮ್ಮ ಕಡೆಯವರ ಕೈಯಲ್ಲಿ ಉಳಿದಿದೆ ಎಂದು ಅವನು ನಂಬಿದ್ದ. ಆ ನಂಬಿಕೆಗೆ ಸರ್ಕಾರದ ಮೊಹರು ಸಿಕ್ಕಿತು. ಒಂದು ತಪ್ಪು ಅಕ್ಷರ ಇಬ್ಬರು ಅಣ್ಣತಮ್ಮಂದಿರನ್ನು ವಾದಿ–ಪ್ರತಿವಾದಿ ಮಾಡಿಬಿಟ್ಟಿತು.

ಮೂರು ಚುಕ್ಕಿ, ಒಂದು ಚುಕ್ಕಿ

ಈ ‘ಪ್ಪ’ ‘ಣ್ಣ’ ಆದದ್ದು ಎಲ್ಲಿ? ಇದನ್ನು ತಿಳಿಯಲು ನಮ್ಮ ಭಾಗದ ಚರಿತ್ರೆ ತಿಳಿಯಬೇಕು. ಮೈಸೂರು, ಬೆಂಗಳೂರು ಕಡೆಯ ಗೆಳೆಯರು ಸ್ವಲ್ಪ ತಾಳ್ಮೆಯಿಂದ ಓದಿ.

ಕಲಬುರಗಿ, ಬೀದರ, ರಾಯಚೂರು ಜಿಲ್ಲೆಗಳು 1948ರ ಸೆಪ್ಟೆಂಬರ್ 17ರವರೆಗೆ ಹೈದರಾಬಾದ್ ನಿಜಾಮನ ಆಳ್ವಿಕೆಯಲ್ಲಿದ್ದವು. ಕಚೇರಿಯಲ್ಲಿ ಮೊದಲು ಪಾರ್ಸಿ, 19ನೇ ಶತಮಾನದ ಕೊನೆಯ ಹೊತ್ತಿಗೆ ಉರ್ದು. ಹೊಲ ಉಳುವವನು ಕನ್ನಡಿಗ, ಹೊಲದ ಕಾಗದ ಉರ್ದು. ವರ್ಷವೂ ಬೇರೆ, ಫಸಲಿ ವರ್ಷ. ಫಸಲಿ 1317ರ ಭೂಕಂದಾಯ ಕಾಯ್ದೆ ಎಂದು ಓದಿದರೆ ಗಾಬರಿಯಾಗಬೇಡಿ, 590 ಕೂಡಿಸಿ. 1907 ಬರುತ್ತದೆ. ನಿಜಾಮ ಹೋದ ಮೇಲೆ ಜಾಗೀರುಗಳು ರದ್ದಾದವು. 1954–55ರಲ್ಲಿ ಹೈದರಾಬಾದ್ ರಾಜ್ಯದಲ್ಲಿ ಖಾಸ್ರಾ ಪಹಣಿ ತಯಾರಾಯಿತು. ಯಾವ ಸರ್ವೆ ನಂಬರು, ಯಾರ ಪಟ್ಟಾ, ಯಾರ ಕಬ್ಜಾ ಎಂದು ಹೊಲಹೊಲಕ್ಕೂ ಬರೆದ ದಾಖಲೆ ಅದು. ಇಂದಿಗೂ ಈ ಭಾಗದಲ್ಲಿ ಜಮೀನಿನ ಜಗಳ ಬಂದರೆ ವಕೀಲರು ಮೊದಲು ಕೇಳುವುದು ಅದನ್ನೇ. 1956ರ ನವೆಂಬರ್ 1ಕ್ಕೆ ನಾವು ಕನ್ನಡ ನಾಡಿಗೆ ಸೇರಿದೆವು. ಹಳೆಯ ಉರ್ದು ಪುಸ್ತಕಗಳಲ್ಲಿದ್ದ ಹೆಸರುಗಳು ಒಂದೊಂದಾಗಿ ಕನ್ನಡ ಪಹಣಿಗೆ ಇಳಿದವು.

ಇಳಿಸಿದವರು ಕಾರಕೂನರು. ಅವಸರದ ಕೆಲಸ. ಉರ್ದು ಲಿಪಿಯಲ್ಲಿ ಹ್ರಸ್ವ ಸ್ವರಗಳನ್ನು ಸಾಮಾನ್ಯವಾಗಿ ಬರೆಯುವುದಿಲ್ಲ, ಓದುವವನೇ ಊಹಿಸಿಕೊಳ್ಳಬೇಕು. ಬ, ಪ, ತ, ನ ಇವು ಶಬ್ದದ ನಡುವೆ ಬಂದಾಗ ಒಂದೇ ಹಲ್ಲಿನಂಥ ಗೆರೆ. ಗುರುತು ಹೇಳುವುದು ಚುಕ್ಕಿಗಳು ಮಾತ್ರ. ನನಗೆ ಇದನ್ನು ತೋರಿಸಿಕೊಟ್ಟವರು ನಿವೃತ್ತಿಯಾದ ಒಬ್ಬ ಉರ್ದು ಮಾಸ್ತರರು. ಖಾಸ್ರಾದ ನಕಲಿನ ಮೇಲೆ ಭೂತಗನ್ನಡಿ ಇಟ್ಟು ಅಂದರು: “ನೋಡಪಾ, ಕೆಳಗ ಮೂರು ಚುಕ್ಕಿ ಇದ್ರ ‘ಪ’. ಮ್ಯಾಲ ಒಂದೇ ಚುಕ್ಕಿ ಇದ್ರ ‘ನ’. ನಿಮ್ಮ ಮುತ್ಯಾಗ ಮೂರು ಚುಕ್ಕಿ ಅದಾವ. ಓದಿದಾಂವ ಸರಿಯಾಗಿ ನೋಡಿಲ್ಲ.”

ಅದೇ ಖಾಸ್ರಾದಲ್ಲಿ ಮುತ್ಯಾನ ಅಪ್ಪನ ಹೆಸರೂ ಇತ್ತು. ಕನ್ನಡಕ್ಕೆ ಇಳಿಸುವಾಗ ಅದನ್ನು ಬಿಟ್ಟೇಬಿಟ್ಟಿದ್ದರು. ಅದೊಂದು ಹೆಸರು ಉಳಿದಿದ್ದರೂ ನಮ್ಮ ಮನೆಗೆ ಈ ಗತಿ ಬರುತ್ತಿರಲಿಲ್ಲ.

ಅಂಕಿಗಳ ಪಾಡೂ ಇದೇ. ಉರ್ದುವಿನ 2 ಮತ್ತು 3ರ ನಡುವೆ ಇರುವುದು ಒಂದು ಸಣ್ಣ ಹಲ್ಲಿನ ವ್ಯತ್ಯಾಸ. ಸೊನ್ನೆ ಅಂದರೆ ಒಂದು ಚುಕ್ಕಿ. ಮಸಿ ಅಳಿಸಿ ಚುಕ್ಕಿ ಹೋದರೆ 30 ಗುಂಟೆ 3 ಗುಂಟೆಯಾಗುತ್ತದೆ. ಎಕರೆಗೆ 40 ಗುಂಟೆ. ಒಂದು ಚುಕ್ಕಿಗೆ 27 ಗುಂಟೆ ಹೋಯಿತು!

ಇಲ್ಲಿ ಒಂದು ಮಾತು ಸ್ಪಷ್ಟವಾಗಿ ಹೇಳುತ್ತೇನೆ. ನಮ್ಮ ಪತ್ರಿಕೆಯಲ್ಲಿ ಇಂಥ ಕಥೆ ಬಂದರೆ ಕೆಲವರಿಗೆ ಉರ್ದುವನ್ನು ಬೈಯುವ ಉಮೇದು ಬರಬಹುದು. ಬೈಯಬೇಡಿ. ಉರ್ದು ಕಾಗದ ನಮ್ಮ ಹೆಸರನ್ನು ಸರಿಯಾಗಿಯೇ ಬರೆದಿತ್ತು. ಕೆಡಿಸಿದ್ದು ಕನ್ನಡ ಪಹಣಿ! ಉರ್ದು ಮಾಸ್ತರರು ಇರದಿದ್ದರೆ ಇವತ್ತು ನನಗೆ ಹೊಲವೇ ಇಲ್ಲ. ತಪ್ಪಾದದ್ದು ಪ್ರೂಫ್ ನೋಡದೇ ಅಚ್ಚು ಹಾಕಿದ್ದು. ಹೆಸರು ಇಳಿಸಿದ ಮೇಲೆ ರೈತನನ್ನು ಚಾವಡಿಗೆ ಕರೆದು, ಓದಿ ಹೇಳಿ, “ಇದು ನಿನ್ನ ಹೆಸರೇ ಹೌದಾ?” ಎಂದು ಕೇಳಿದ್ದರೆ ಅರ್ಧ ನಿಮಿಷದಲ್ಲಿ ಸರಿಹೋಗುತ್ತಿತ್ತು.

ಮುಂದೆ ‘ಭೂಮಿ’ ಯೋಜನೆ ಬಂತು. 2000ದ ಆಸುಪಾಸಿನಲ್ಲಿ ಕೈಬರಹದ ಪಹಣಿಗಳನ್ನೆಲ್ಲ ಕಂಪ್ಯೂಟರಿಗೆ ಏರಿಸಿದರು. ಸುಮಾರು 67 ಲಕ್ಷ ರೈತರ 2 ಕೋಟಿ ಪಹಣಿ. ದೊಡ್ಡ ಕೆಲಸ, ಒಳ್ಳೆಯ ಕೆಲಸ. ತಲಾಠಿಯ ಚೀಲದಲ್ಲಿದ್ದ ಪಹಣಿ 15 ರೂಪಾಯಿಗೆ ಕಿಟಕಿಯಲ್ಲಿ ಸಿಗುವಂತಾಯಿತು. ದೇಶವೇ ಹೊಗಳಿತು, ನಾನೂ ಹೊಗಳುತ್ತೇನೆ. ಆದರೆ ಕಂಪ್ಯೂಟರು ಹಳೆಯ ತಪ್ಪನ್ನು ತಿದ್ದುವುದಿಲ್ಲ, ಅಂದವಾಗಿ ಅಚ್ಚು ಹಾಕುತ್ತದೆ. ಕೈಬರಹದಲ್ಲಿ ಅನುಮಾನಕ್ಕಾದರೂ ಜಾಗ ಇತ್ತು. ಕಂಪ್ಯೂಟರ್ ಅಕ್ಷರದಲ್ಲಿ ಬಂದ ಮೇಲೆ ತಪ್ಪೂ ವೇದವಾಕ್ಯ!

ಕಚೇರಿಯಿಂದ ಕಚೇರಿಗೆ, ಕೊನೆಗೆ ಕೋರ್ಟಿಗೆ

“ಟೈಪಿಂಗ್ ತಪ್ಪು ಸ್ವಾಮಿ, ತಿದ್ದಿಕೊಡಿ” ಎಂದು ಅರ್ಜಿ ಹಿಡಿದು ಹೋದೆ. ಕಂಪ್ಯೂಟರಿಗೆ ಏರಿಸುವಾಗ ಆದ ತಪ್ಪಾದರೆ, ಕೈಬರಹದ ಪಹಣಿ ತೋರಿಸಿದರೆ ತಹಶೀಲ್ದಾರರ ಹಂತದಲ್ಲೇ ಸರಿಹೋಗುತ್ತದೆ. ನನ್ನದು ಅಷ್ಟು ಸುಲಭದ್ದಲ್ಲ. ಆಗಲೇ ಇನ್ನೊಬ್ಬರ ಹೆಸರಿಗೆ ಹಕ್ಕು ಬದಲಾವಣೆ ಆಗಿತ್ತು. ಅದಕ್ಕೆ ಮೇಲ್ಮನವಿಯೇ ದಾರಿ.

1964ರ ಕರ್ನಾಟಕ ಭೂಕಂದಾಯ ಕಾಯ್ದೆಯ ನಾಲ್ಕೈದು ಕಲಮುಗಳನ್ನು ಪ್ರತಿಯೊಬ್ಬ ಕನ್ನಡ ಯುವಕ ತಿಳಿದಿರಬೇಕು. ನನಗೆ ಪಿಯುಸಿಯಲ್ಲಿ ಯಾರೂ ಕಲಿಸಲಿಲ್ಲ, ನಾಲ್ಕು ವರ್ಷದ ವಾಯಿದೆಗಳು ಕಲಿಸಿದವು. ನೀವು ಪುಕ್ಕಟೆ ಕಲಿಯಿರಿ.

ಕಲಂ 128: ಜಮೀನಿನ ಹಕ್ಕು ನಿಮಗೆ ಬಂದರೆ ವರದಿ ಮಾಡಬೇಕು. ನಮ್ಮ ಅಪ್ಪ ಮಾಡಲಿಲ್ಲ. ಕಲಂ 129: ವರದಿ ಬಂದರೆ ನೋಟಿಸು ಕೊಟ್ಟು, ತಕರಾರು ಕೇಳಿ ಹಕ್ಕು ಬದಲಾಯಿಸಬೇಕು. ಕಲಂ 133: ಪಹಣಿಯಲ್ಲಿರುವುದು ತಪ್ಪೆಂದು ಸಾಬೀತಾಗುವವರೆಗೂ ಅದು ನಿಜ ಎಂದೇ ಭಾವಿಸಬೇಕು. ಗಮನಿಸಿ, ತಪ್ಪು ಬರೆದದ್ದು ಸರ್ಕಾರ, ಸಾಬೀತು ಮಾಡಬೇಕಾದವನು ನಾನು. ಕಲಂ 136: ಹಕ್ಕು ಬದಲಾವಣೆಯ ಆದೇಶದ ಮೇಲೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ, ಅದರ ಮೇಲೆ ಜಿಲ್ಲಾಧಿಕಾರಿಗೆ ಪುನರ್‌ಪರಿಶೀಲನೆಯ ಅರ್ಜಿ.

ಮೇಲ್ಮನವಿ ಹಾಕಿದೆ. 2013ರಲ್ಲಿ ಆದೇಶ ಬಂತು. ತಾತ್ಪರ್ಯ ಇಷ್ಟೇ: ಇಬ್ಬರೂ ಹೊಲ ತಮ್ಮದೆನ್ನುತ್ತಾರೆ, ಇದು ಹಕ್ಕಿನ ಪ್ರಶ್ನೆ, ಸಿವಿಲ್ ಕೋರ್ಟಿಗೆ ಹೋಗಿ. ಮೊದಲು ನನಗೆ ಸಿಟ್ಟು ಬಂತು, ಕೈತೊಳೆದುಕೊಂಡರು ಅನ್ನಿಸಿತು. ಆಮೇಲೆ ತಿಳಿಯಿತು, ಕಾನೂನು ಇರುವುದೇ ಹಾಗೆ. ಪಹಣಿಯ ನಮೂದು ಇರುವುದು ಕಂದಾಯ ವಸೂಲಿಗೆ. ಅದು ಯಾರಿಗೂ ಹೊಸದಾಗಿ ಮಾಲೀಕತ್ವ ಕೊಡುವುದಿಲ್ಲ, ಯಾರಿಂದಲೂ ಕಿತ್ತುಕೊಳ್ಳುವುದೂ ಇಲ್ಲ ಎಂದು ಸುಪ್ರೀಂ ಕೋರ್ಟು 1996ರಲ್ಲಿ ಹೇಳಿದೆ, 2021ರಲ್ಲಿಯೂ ಹೇಳಿದೆ. ಮಾಲೀಕ ಯಾರು ಎಂದು ತೀರ್ಮಾನಿಸುವ ಅಧಿಕಾರ ಸಿವಿಲ್ ಕೋರ್ಟಿಗೆ.

ಹಾಗಾದರೆ ಸರ್ಕಾರದ ಮೇಲೆ ದಾವೆ ಹಾಕಿ ಪಹಣಿ ತಿದ್ದಿಸಬಹುದೇ? ಇಲ್ಲ! ಇಲ್ಲೇ ಬಹಳ ಜನ ಮೋಸ ಹೋಗುತ್ತಾರೆ. ಪಹಣಿಯಲ್ಲಿ ಹೀಗೆ ಬರೆಯಿರಿ, ಹಾಗೆ ತೆಗೆಯಿರಿ ಎಂದು ಸರ್ಕಾರದ ಮೇಲೆ, ಅಧಿಕಾರಿಯ ಮೇಲೆ ದಾವೆ ನಡೆಯುವುದಿಲ್ಲ ಎನ್ನುತ್ತದೆ ಕಲಂ 135. ಆದರೆ ಅದೇ ಕಲಮಿನ ಕೊನೆಯಲ್ಲಿ ಒಂದು ಬಾಗಿಲಿದೆ. ನಿಮ್ಮ ಹಕ್ಕನ್ನು ಅಲ್ಲಗಳೆಯುವ ವ್ಯಕ್ತಿಯ ಮೇಲೆ ದಾವೆ ಹಾಕಿ, ಈ ಹಕ್ಕು ನನ್ನದೆಂದು ಘೋಷಿಸಿಕೊಡಿ ಎಂದು ಕೇಳಬಹುದು. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ ಕಲಂ 34 ಈ ಘೋಷಣೆಯದೇ. ಘೋಷಣೆ ಸಿಕ್ಕರೆ ಅದರಂತೆ ಪಹಣಿ ತಿದ್ದಲೇಬೇಕು. ತಿದ್ದುವುದಿಲ್ಲ ಎನ್ನಲು ಯಾವ ಅಧಿಕಾರಿಗೂ ಬರುವುದಿಲ್ಲ.

ಇನ್ನೊಂದು ಎಚ್ಚರಿಕೆ. ಇಂಥ ಘೋಷಣಾ ದಾವೆಗೆ ಕಾಲಮಿತಿ ಸಾಮಾನ್ಯವಾಗಿ 3 ವರ್ಷ. ದಾವೆ ಹಾಕುವ ಹಕ್ಕು ಮೊದಲ ಸಲ ಹುಟ್ಟಿದ ದಿನದಿಂದ ಲೆಕ್ಕ. “ಮುಂದಿನ ಸುಗ್ಗಿಗೆ ನೋಡೋಣು, ತಂಗಿ ಲಗ್ನ ಆಗ್ಲಿ” ಎಂದು ಕೂತರೆ ಕೋರ್ಟಿನ ಬಾಗಿಲೇ ಮುಚ್ಚುತ್ತದೆ.

ನನ್ನ ದಾವೆ, ನನ್ನ ಭಾಷೆ

2014ರಲ್ಲಿ ದಾವೆ ಹಾಕಲು ವಕೀಲರನ್ನು ಹಿಡಿದೆ. ಒಳ್ಳೆಯ ಮನುಷ್ಯ. ಎಂಟು ಪುಟ ಟೈಪು ಮಾಡಿಸಿ ತಂದು ಸಹಿ ಮಾಡು ಎಂದರು. ನೋಡಿದರೆ ಎಲ್ಲ ಇಂಗ್ಲಿಷು! ನಾನು ಪೆನ್ನು ಕೆಳಗಿಟ್ಟೆ.

“ಸಾಹೇಬ್ರ, ಇದರಾಗ ಏನ್ ಬರೆದೀರಿ ನನಗ ತಿಳಿವಲ್ದು. ತಿಳೀಲಾರದ್ದಕ್ಕ ಸಹಿ ಹ್ಯಾಂಗ ಹಾಕ್ಲಿ?”

“ಎಲ್ಲಾರೂ ಹಾಕ್ತಾರಲ್ಲೋ ತಮ್ಮಾ.”

“ಎಲ್ಲಾರೂ ಹಾಕ್ಯಾರ ಅಂತನ ನಮ್ಮ ಹೊಲ ಹೋಗ್ಯಾದ್ರಿ. ಕನ್ನಡದಾಗ ಹೇಳ್ರಿ, ಡಿಟಿಪಿ ನಾನ ಮಾಡ್ಕೊಡ್ತೀನಿ.”

ಅವರು ನಕ್ಕರು, ಆದರೆ ಒಪ್ಪಿದರು. ಎರಡು ರಾತ್ರಿ ಪ್ರೆಸ್ಸಿನಲ್ಲಿ ಕೂತು, ಅವರು ಹೇಳಿದ್ದನ್ನು ನಾನೇ ಕಂಪೋಸ್ ಮಾಡಿದೆ. ಚಕ್ಕುಬಂದಿ ಬರೆಯುವಾಗ ಕೈ ನಿಂತಿತು. ಇಂಗ್ಲಿಷ್ ಪ್ರತಿಯಲ್ಲಿ ಪೂರ್ವಕ್ಕೆ ಹಳ್ಳ, ಪಶ್ಚಿಮಕ್ಕೆ ಬಂಡಿದಾರಿ ಎಂದು ಬರೆದಿದ್ದರು. ನಮ್ಮ ಹೊಲಕ್ಕೆ ಹಳ್ಳ ಇರುವುದು ಪಶ್ಚಿಮಕ್ಕೆ! ಚಿಕ್ಕಂದಿನಿಂದ ಎಮ್ಮೆ ಮೈತೊಳೆದ ಹಳ್ಳ, ನನಗೆ ಗೊತ್ತಿಲ್ಲವೇ? ಇಂಗ್ಲಿಷಿನಲ್ಲೇ ಸಹಿ ಹಾಕಿದ್ದರೆ, ಎದುರಿನ ವಕೀಲರು ಪಾಟೀಸವಾಲಿನಲ್ಲಿ ಅದೊಂದನ್ನೇ ಹಿಡಿದು ನನ್ನನ್ನು ಮಲಗಿಸಿಬಿಡುತ್ತಿದ್ದರು. ತನ್ನ ಹೊಲದ ದಿಕ್ಕೇ ಗೊತ್ತಿಲ್ಲದವನು ಒಡೆಯನೇ ಎಂದು ಕೇಳುತ್ತಿದ್ದರು.

ನನ್ನ ಇಡೀ ಲೇಖನದ ಸಾರ ಇಷ್ಟೇ. ಓದಲು ಬರುವ ಕಾಗದದ ತಪ್ಪನ್ನು ಮಾತ್ರ ಒಡೆಯ ಹಿಡಿಯಬಲ್ಲ. ಮುತ್ಯಾನಿಗೆ ಉರ್ದು ಬರುತ್ತಿರಲಿಲ್ಲ, ಹಾಗಾಗಿ ಖಾಸ್ರಾ ಅವನಿಗೆ ಬರೀ ಗೆರೆ. ಅಪ್ಪನಿಗೆ ಕನ್ನಡ ಸಹಿ ಮಾತ್ರ ಬರುತ್ತಿತ್ತು, ಹಾಗಾಗಿ ಪಹಣಿ ಅವನಿಗೆ ಬರೀ ಕಾಗದ. ನನಗೆ ಇಂಗ್ಲಿಷು ಅಷ್ಟಕ್ಕಷ್ಟೆ, ಹಾಗಾಗಿ ದಾವೆಯೂ ಕೈತಪ್ಪುವುದರಲ್ಲಿತ್ತು. ಮೂರು ತಲೆಮಾರು, ಮೂರು ಲಿಪಿ, ಒಂದೇ ಹೊಲ! ಕನ್ನಡ ಆಡಳಿತ ಭಾಷೆಯಾಗಲಿ ಎಂದು ನಾವು ಕೂಗುವುದು ಅಭಿಮಾನಕ್ಕೆ ಮಾತ್ರ ಎಂದು ಕೆಲವರು ಗೇಲಿ ಮಾಡುತ್ತಾರೆ. ಅವರಿಗೆ ಈ ಚಕ್ಕುಬಂದಿ ತೋರಿಸಿ.

ನಮ್ಮ ರಾಜ್ಯದ ಅಧೀನ ನ್ಯಾಯಾಲಯಗಳ ಭಾಷೆ ಕನ್ನಡ. ಯಾರ ಅಪ್ಪಣೆಯನ್ನೂ ಕೇಳದೆ ಕನ್ನಡದಲ್ಲಿ ದಾವೆ ಹಾಕಬಹುದು, ಸಾಕ್ಷಿ ನುಡಿಯಬಹುದು, ತೀರ್ಪು ಕೇಳಬಹುದು. ಕೇಳುವವರು ಕಡಿಮೆ, ಆದ್ದರಿಂದ ಸಿಗುವುದೂ ಕಡಿಮೆ. ಹೈಕೋರ್ಟಿನಲ್ಲಿ ಮಾತ್ರ ಸಂವಿಧಾನದ 348ನೇ ವಿಧಿಯ ಪ್ರಕಾರ ಇಂಗ್ಲಿಷು. 2008ರಲ್ಲಿ ಕಲಬುರಗಿಗೆ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಆಯಿತು. ಬೆಂಗಳೂರಿಗೆ ರಾತ್ರಿ ರೈಲು ಹತ್ತುವುದು ತಪ್ಪಿತು. ಪೀಠ ಹತ್ತಿರ ಬಂತು, ಭಾಷೆ ಇನ್ನೂ ದೂರವೇ ಇದೆ. 2024ರ ಡಿಸೆಂಬರಿನಲ್ಲಿ ಕರ್ನಾಟಕ ಹೈಕೋರ್ಟಿನ ವಿಭಾಗೀಯ ಪೀಠವೊಂದು ಇಂಗ್ಲಿಷಿನ ಜೊತೆ ಕನ್ನಡದಲ್ಲೂ ತೀರ್ಪು ಕೊಟ್ಟಿತು. ಅಂದರೆ ಮನಸ್ಸಿದ್ದರೆ ಆಗುತ್ತದೆ!

ಗೆದ್ದೆ, ಆದರೆ

ದಾವೆ ನಾಲ್ಕು ವರ್ಷ ನಡೆಯಿತು. ವಾಯಿದೆ ಇದ್ದ ದಿನವೆಲ್ಲ ಪ್ರೆಸ್ಸಿಗೆ ಬಾಗಿಲು. ಖಾಸ್ರಾದ ದೃಢೀಕೃತ ನಕಲು ತೆಗೆಸಿದೆ. ಮಾಸ್ತರರು ಅನುವಾದ ಮಾಡಿಕೊಟ್ಟರು, ಕೋರ್ಟಿಗೂ ಬಂದು ಸಾಕ್ಷಿ ನುಡಿದರು. ಒಂದು ಪೈಸೆ ಮುಟ್ಟಲಿಲ್ಲ. ಅವ್ವ ಹಳೆಯ ಟ್ರಂಕಿನಲ್ಲಿ ಕಟ್ಟಿಟ್ಟಿದ್ದ ಕಂದಾಯದ ರಸೀದಿಗಳು ಕೈಹಿಡಿದವು. 2018ರಲ್ಲಿ ತೀರ್ಪು ಬಂತು. ಹೊಲ ನಮ್ಮದೆಂದು ಘೋಷಣೆ. ಪಹಣಿಯಲ್ಲಿ ಅದು ಮೂಡಲು ಮತ್ತೆ ಅರ್ಜಿ, ಮತ್ತೆ ಓಡಾಟ. 2019ರಲ್ಲಿ ಅವ್ವನ ಹೆಸರೂ ನನ್ನ ಹೆಸರೂ 9ನೇ ಕಾಲಮ್ಮಿಗೆ ಬಂದವು. ಅಂದು ಮನೆಗೆ ಹೋಗುವ ಮೊದಲು ಕಚೇರಿಯ ಮೆಟ್ಟಿಲ ಮೇಲೆ ಕೂತು, ಒಂದೊಂದು ಅಕ್ಷರವನ್ನೂ ಪ್ರೂಫ್ ನೋಡಿದ ಹಾಗೆ ಮೂರು ಸಲ ಓದಿದೆ.

ಗೆದ್ದ ಹೊಲದಲ್ಲಿ ತೊಗರಿ ಚೆನ್ನಾಗಿ ಬರುತ್ತಿದೆ. ಆದರೆ ಆ ತಮ್ಮನ ಮಗಳ ಲಗ್ನಪತ್ರಿಕೆ ಬೇರೆ ಪ್ರೆಸ್ಸಿನಲ್ಲಿ ಅಚ್ಚಾಯಿತು. ನನಗೆ ಒಂದು ಪ್ರತಿಯೂ ಬರಲಿಲ್ಲ. ಈ ನಷ್ಟವನ್ನು ಯಾವ ಕೋರ್ಟು ತುಂಬಿಕೊಡುತ್ತದೆ?

ನಮ್ಮೊಬ್ಬರ ಗೋಳಲ್ಲ

ಹಳೆಯ ಹೈದರಾಬಾದ್ ರಾಜ್ಯದ ಇನ್ನೊಂದು ತುಂಡಾದ ತೆಲಂಗಾಣ ನೋಡಿ. ಅವರದೂ ಅದೇ ಖಾಸ್ರಾ. 2020ರಲ್ಲಿ ‘ಧರಣಿ’ ಎಂಬ ಕಂಪ್ಯೂಟರ್ ವ್ಯವಸ್ಥೆ ತಂದರು. ತಪ್ಪಾದರೆ ಹತ್ತಿರದ ಕಚೇರಿಯಲ್ಲಿ ತಿದ್ದಿಸಿಕೊಳ್ಳಲು ದಾರಿಯಿಲ್ಲ ಎಂಬ ಕೂಗು ಹಳ್ಳಿಹಳ್ಳಿಯಲ್ಲಿ ಎದ್ದಿತು. 2023ರ ಚುನಾವಣೆಯಲ್ಲೂ ಅದೇ ಮಾತಾಯಿತು. 2025ರ ಏಪ್ರಿಲ್ 14ರಂದು ಅದನ್ನು ತೆಗೆದು ‘ಭೂ ಭಾರತಿ’ ತಂದರು, ಮೇಲ್ಮನವಿಗೆ ದಾರಿ ಮಾಡಿದರು. ಹೊಲದ ಕಾಗದದ ತಪ್ಪು ಮತದ ಪ್ರಶ್ನೆಯೂ ಆಗಬಲ್ಲದು ಎಂದು ಅಲ್ಲಿಯ ರೈತರು ತೋರಿಸಿಕೊಟ್ಟರು. ಇಂಗ್ಲೆಂಡಿನಲ್ಲಿ ಜಮೀನು ನೋಂದಣಿಯ ಪುಸ್ತಕದಲ್ಲಿ ತಪ್ಪಾಗಿ ನಷ್ಟವಾದರೆ ನೋಂದಣಿ ಇಲಾಖೆಯೇ ಪರಿಹಾರ ಕೊಡುವ ಕಾನೂನಿದೆ. ನನ್ನ ಪ್ರೆಸ್ಸಿನ ನ್ಯಾಯ ಅಲ್ಲಿ ಸರ್ಕಾರಕ್ಕೂ ಉಂಟು.

ನಮ್ಮ ತಾಲ್ಲೂಕಿನ ಗಡಿ ದಾಟಿದರೆ ಅಕ್ಕಲಕೋಟೆ. 1967ರ ಮಹಾಜನ್ ವರದಿ ಕರ್ನಾಟಕಕ್ಕೆ ಸೇರಬೇಕೆಂದ ತಾಲ್ಲೂಕು. ಅಲ್ಲಿಯ ಕನ್ನಡಿಗ ರೈತನ ‘ಸಾತ್ ಬಾರಾ’ ಉತಾರ ಇರುವುದು ಮರಾಠಿಯಲ್ಲಿ. ಕಾಸರಗೋಡಿನ ಕನ್ನಡಿಗನಿಗೆ ಕಂದಾಯ ಕಚೇರಿಯಲ್ಲಿ ಮಲಯಾಳ ಎದುರಾಗುತ್ತದೆ. ನಮ್ಮ ಮುತ್ಯಾನ ಪಾಡೇ ಅವರದೂ. ಅವರಿಗೆ ಕನ್ನಡದಲ್ಲಿ ಕಾಗದ ಕೊಡಿ ಎಂದು ಕೇಳುವ ನಾವು, ನಮ್ಮ ಜಿಲ್ಲೆಯ ಲಂಬಾಣಿ ತಾಂಡಾದವನ, ಉರ್ದು ಮಾತಾಡುವ ಮನೆಯವನ ಹೆಸರನ್ನೂ ಕನ್ನಡ ಪಹಣಿಯಲ್ಲಿ ತಪ್ಪಿಲ್ಲದೆ ಬರೆಯಬೇಕು. ನ್ಯಾಯ ಎಲ್ಲರಿಗೂ ಒಂದೇ.

ಹುಡುಗರೇ, ಈ ಕೆಲಸ ಮಾಡಿ

ದೀಪಾವಳಿಗೆ, ಜಾತ್ರೆಗೆ ಊರಿಗೆ ಹೋಗುತ್ತೀರಲ್ಲ, ಆಗ ಮಾಡಿ. ಮೊಬೈಲಿನಲ್ಲೇ ಪಹಣಿ ನೋಡಬಹುದು ಎಂದು ನನಗೆ ಹೇಳಬೇಡಿ, ನೀವು ನೋಡಿಲ್ಲ ಎಂದು ನನಗೆ ಗೊತ್ತು!

ಒಂದು, ಪಹಣಿ ತೆಗೆಸಿ ಅಪ್ಪ–ಅವ್ವನ ಎದುರು ಕೂತು ಜೋರಾಗಿ ಓದಿ. 3ನೇ ಕಾಲಮ್ಮಿನ ಎಕರೆ–ಗುಂಟೆ, 9ರ ಹೆಸರು, 10ರ ಹಕ್ಕು ಬಂದ ಬಗೆ, 11ರ ಸಾಲ, 12ರ ಸಾಗುವಳಿದಾರ. ಪ್ರೂಫ್ ಓದುವ ಹಾಗೆ ಅಕ್ಷರ ಅಕ್ಷರ ಓದಿ.

ಎರಡು, ಹೊಲ ಸತ್ತವರ ಹೆಸರಿನಲ್ಲಿದ್ದರೆ ಈ ವರ್ಷವೇ ವಾರ್ಸಾ ಮಾಡಿಸಿ. ಅಕ್ಕತಂಗಿಯರ ಹೆಸರು ಬಿಡಬೇಡಿ. ಅವರನ್ನು ಬಿಟ್ಟು ಬರೆಸಿದ ಪಹಣಿಯೂ ಒಂದು ಸುಳ್ಳು ಪಹಣಿಯೇ.

ಮೂರು, ಹಳೆಯ ಕಾಗದ ಒಂದನ್ನೂ ಎಸೆಯಬೇಡಿ. ಓದಲು ಬಾರದ ಉರ್ದು, ಮೋಡಿ ಕಾಗದವನ್ನಂತೂ ಎಸೆಯಲೇಬೇಡಿ. ಓದಬಲ್ಲ ಹಿರಿಯರು ಬದುಕಿರುವಾಗಲೇ ಓದಿಸಿ ಬರೆದಿಟ್ಟುಕೊಳ್ಳಿ.

ನಾಲ್ಕು, ತಪ್ಪು ಕಂಡರೆ ಅಂದೇ ಲಿಖಿತ ಅರ್ಜಿ ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. ಹಕ್ಕಿನ ತಕರಾರು ಬಂದರೆ 3 ವರ್ಷದ ಲೆಕ್ಕ ಮರೆಯಬೇಡಿ.

ಐದು, ಕೋರ್ಟು ಅಂದರೆ ಹೆದರಬೇಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯಂತೆ ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ–ಪಂಗಡದವರಿಗೆ, ಆದಾಯ ಕಡಿಮೆ ಇದ್ದವರಿಗೆ ವಕೀಲರು ಪುಕ್ಕಟೆ. ಹಾಗೆ ಕೊಟ್ಟ ವಕೀಲರಿಗೂ ಹೇಳಿ: ದಾವೆ ಕನ್ನಡದಲ್ಲಿ ಬರೆಯಿರಿ.

ಇನ್ನು ಸರ್ಕಾರಕ್ಕೆ. ‘ಭೂ ಸುರಕ್ಷಾ’ ಎಂದು ಹಳೆಯ ದಾಖಲೆಗಳನ್ನೆಲ್ಲ ಸ್ಕ್ಯಾನ್ ಮಾಡಿಸುತ್ತಿದ್ದೀರಿ. ಸಂತೋಷ. ಸ್ಕ್ಯಾನ್ ಮಾಡಿದರೆ ಚಿತ್ರ ಉಳಿಯುತ್ತದೆ, ಅದನ್ನು ಓದಿ ಹೇಳುವವರು ಬೇಕಲ್ಲ? ಕಲ್ಯಾಣ ಕರ್ನಾಟಕದ ಪ್ರತಿ ತಾಲ್ಲೂಕು ಕಚೇರಿಗೂ ಉರ್ದು–ಕನ್ನಡ ಎರಡೂ ಬಲ್ಲ, ಮೋಡಿ ಬಲ್ಲ ಅನುವಾದಕರನ್ನು ನೇಮಿಸಿ. 371(ಜೆ) ಬಂದು ಹತ್ತು ವರ್ಷದ ಮೇಲಾಯಿತು, ನಮ್ಮ ಭಾಗದ ಹುಡುಗರಿಗೇ ಆ ಕೆಲಸ ಕೊಡಿ. ವರ್ಷಕ್ಕೊಂದು ಸಲ ಗ್ರಾಮಸಭೆಯಲ್ಲಿ ಪಹಣಿಗಳನ್ನು ಗಟ್ಟಿಯಾಗಿ ಓದಿಸಿ, ರೈತ ಹೌದು ಅಂದ ಮೇಲೆ ಮೊಹರು ಒತ್ತಿ. ಇಲಾಖೆಯ ಕೈತಪ್ಪಿನಿಂದ ರೈತ ಕೋರ್ಟಿಗೆ ಹೋಗಿ ಗೆದ್ದರೆ ಅವನ ಖರ್ಚು ಕಟ್ಟಿಕೊಡಿ. ಐನೂರು ಲಗ್ನಪತ್ರಿಕೆ ತಪ್ಪಾದರೆ ನಾನು ಕಟ್ಟಿಕೊಡುವುದಿಲ್ಲವೇ?

ಗೆಳೆಯರೇ, ಬೋರ್ಡಿನ ಕನ್ನಡಕ್ಕಾಗಿ ಬೀದಿಗಿಳಿಯಿರಿ, ನಾನೂ ಬರುತ್ತೇನೆ, ಪಾಂಪ್ಲೆಟ್ಟು ಪುಕ್ಕಟೆ ಅಚ್ಚು ಹಾಕಿಕೊಡುತ್ತೇನೆ. ಆದರೆ ಬೀದಿಯಿಂದ ಮನೆಗೆ ಬಂದ ಮೇಲೆ ಟ್ರಂಕು ತೆಗೆದು ಆ ಪಹಣಿಯನ್ನೂ ಓದಿ. ಅದರಲ್ಲಿರುವುದೂ ಕನ್ನಡವೇ. ಅದರಲ್ಲಿ ನಿಮ್ಮ ಮುತ್ಯಾ ‘ಅಪ್ಪ’ ಆಗಿಯೇ ಉಳಿದಿದ್ದಾನೋ ಇಲ್ಲವೋ, ಒಮ್ಮೆ ನೋಡಿಕೊಳ್ಳಿ.